ಪದಚರ್ಚೆ: ಸಿನಿಮಾ ‘ಸಂಕಲನ’ಕ್ಕೆ ಬೇರೆ ಪದ ಇದೆಯಾ?

ಎಲ್ಲರಿಗೂ ನಮಸ್ಕಾರ. ಹಾಮ್ ತ್ರಾನ್ ಬಗ್ಗೆ ಎರಡು ಪುಟ ಬರೆಯಲು ಕೂತು ಮೊದಲ ಸಾಲಿನಲ್ಲೇ ಸಿಕ್ಕಿಹಾಕಿಕೊಂಡಿದ್ದೇನೆ. ವಿಯೆಟ್ನಾಮಿನ ಸೈಗಾನ್‌ನಲ್ಲಿ ಹುಟ್ಟಿ, ಚಿಕ್ಕವರಿದ್ದಾಗಲೇ ಅಮೆರಿಕಕ್ಕೆ ಹೋದವರು. ಚಿತ್ರಕಥೆ ಬರೆಯುತ್ತಾರೆ, ಎಡಿಟಿಂಗ್ ಮಾಡುತ್ತಾರೆ, ನಿರ್ದೇಶನವೂ ಉಂಟು. ‘ಚಿತ್ರಕಥೆಗಾರ, ಸಂಪಾದಕ’ ಅಂತ ಬರೆದೆ. ಮನೆಯಲ್ಲಿ ಓದಿದವರು ‘ಯಾವ ಪತ್ರಿಕೆಗೆ?’ ಅಂದರು. ಸರಿ, ನಮ್ಮ ಟೈಟಲ್ ಕಾರ್ಡಿನ ‘ಸಂಕಲನ’ವನ್ನೇ ಹಿಡಿದೆ. ಆದರೆ ನನಗೆ ಅದನ್ನು ಕಂಡಾಗಲೆಲ್ಲ ಮೇಷ್ಟ್ರು ಹಲಗೆ ಮೇಲೆ ಮಾಡಿಸುತ್ತಿದ್ದ ಕೂಡೋ ಲೆಕ್ಕವೇ ನೆನಪಾಗುತ್ತದೆ, ಎಡಿಟಿಂಗ್‌ನಲ್ಲಿ ಕಳೆಯುವುದೇ ಜಾಸ್ತಿ ಅಲ್ವಾ?

ವಿಯೆಟ್ನಾಮಿಯಲ್ಲಿ ಏನಂತಾರೆ ಅಂತ ನೋಡಿದರೆ ಇನ್ನೂ ಮಜವಾಗಿದೆ. ಪತ್ರಿಕೆ, ಪುಸ್ತಕ ತಿದ್ದುವುದು ‘ಬಿಯೆನ್ ತಾಪ್’. ಚಿತ್ರಕಥೆ ಬರೆಯುವುದು ‘ಬಿಯೆನ್ ಕಿಕ್’. ಈ ‘ಬಿಯೆನ್’ ಚೀನಿಯಿಂದ ಬಂದದ್ದು, ಹೆಣೆದು ಜೋಡಿಸು ಅನ್ನುವ ಅರ್ಥ. ಅಂದರೆ ನಮ್ಮ ಸಂಕಲನಕ್ಕೆ ಹತ್ತಿರದ ಪದ ಅಲ್ಲಿ ಬರೆಯುವವನ ಪಾಲಾಗಿದೆ! ಫಿಲ್ಮ್ ಎಡಿಟಿಂಗ್‌ಗೆ ಅವರು ಹೇಳುವುದು ‘ಯುಂಗ್ ಫಿಮ್’ (ಹನೋಯಿ ಕಡೆ ‘ಝುಂಗ್’). ಯುಂಗ್ ಅಂದರೆ ನಿಲ್ಲಿಸು, ಎಬ್ಬಿಸು, ಕಟ್ಟು. ಮನೆಗೂ ಅದೇ, ಡೇರೆಗೂ ಅದೇ.

ನಮ್ಮಲ್ಲೂ ಮಾಲೆ ಕಟ್ಟುತ್ತೇವೆ, ಪದ ಕಟ್ಟುತ್ತೇವೆ. ‘ಚಿತ್ರ ಕಟ್ಟುವವರು’ ಅನ್ನಬಹುದಾ? ನನಗೆ ಇಷ್ಟ, ಆದರೆ ‘ಕತೆ ಕಟ್ಟುವವರು’ ಅಂದ ಕೂಡಲೇ ಸುಳ್ಳುಬುರುಕ ಅಂತಾಗುತ್ತದಲ್ಲ, ಆ ವಾಸನೆ ಇದಕ್ಕೂ ಹತ್ತುತ್ತದಾ ಅಂತ ಅನುಮಾನ. 2006ರಲ್ಲಿ ಅಮೆರಿಕದ ಸನ್‌ಡಾನ್ಸ್ ಚಿತ್ರೋತ್ಸವದಲ್ಲಿ ತೋರಿಸಿದ ‘ಜರ್ನಿ ಫ್ರಮ್ ದ ಫಾಲ್’ ಚಿತ್ರವನ್ನು ಹಾಮ್ ತ್ರಾನ್ ಅವರೇ ಬರೆದು, ನಿರ್ದೇಶಿಸಿ, ಎಡಿಟ್ ಮಾಡಿದ್ದು. ಹಾಗಾಗಿ ಒಂದೇ ಕ್ರಿಯಾಪದ ಸಿಕ್ಕರೆ ಸಾಲು ಚೆನ್ನಾಗಿ ಕೂರುತ್ತದೆ.

ಆ ಚಿತ್ರದ ಹೆಸರಿನದೂ ಒಂದು ತಕರಾರು. ಇಂಗ್ಲಿಷ್ ಹೆಸರಿನಲ್ಲಿರುವುದು 1975ರ ಏಪ್ರಿಲ್ 30ರ ಸೈಗಾನ್ ಪತನ, ಅಂದರೆ ಯುದ್ಧದ ಕೊನೆಗೆ ಆ ಊರು ಉತ್ತರ ವಿಯೆಟ್ನಾಮಿನ ಸೇನೆಯ ಕೈಗೆ ಹೋದದ್ದು. ವಿಯೆಟ್ನಾಮಿ ಹೆಸರಿನಲ್ಲಿ ಪತನವೇ ಇಲ್ಲ, ಅಲೆ ದಾಟುವುದಿದೆ, ದೋಣಿ ಹತ್ತಿ ಹೊರಟವರ ಕಣ್ಣಿನಿಂದ. ನಾನು ‘ಅಲೆ ದಾಟಿ’ ಅಂತ ಇಟ್ಟಿದ್ದೇನೆ.

ಅದಕ್ಕೂ ಮುಂಚಿನ ಕಿರುಚಿತ್ರ ‘ದಿ ಆ್ಯನಿವರ್ಸರಿ’. ‘ವಾರ್ಷಿಕೋತ್ಸವ’ ಅಂತ ಬರೆದಿದ್ದರೆ ಮರ್ಯಾದೆ ಹೋಗುತ್ತಿತ್ತು. ಮೂಲ ಹೆಸರು ‘ಙಾಯ್ ಯೋ’ (ಙ ಅಕ್ಷರಕ್ಕೆ ಕೊನೆಗೂ ಕೆಲಸ ಸಿಕ್ಕಿತು ನೋಡಿ). ಸತ್ತವರ ದಿನವನ್ನು ಚಾಂದ್ರಮಾನದ ಲೆಕ್ಕದಲ್ಲಿ ಹಿಡಿದು ಪ್ರತಿ ವರ್ಷ ಅಡುಗೆ ಮಾಡಿ ಎಡೆ ಇಡುವುದು. ಸೀದಾ ನಮ್ಮ ತಿಥಿ! ಆದರೆ ನಮ್ಮ ಊರ ಕಡೆ ತಿಥಿ ಅಂದರೆ ಹನ್ನೊಂದನೇ ದಿನದ್ದು. ವರ್ಷ ವರ್ಷ ಮಾಡುವುದಕ್ಕೆ ನಿಮ್ಮ ಕಡೆ ಏನಂತೀರಿ?