ಅಪ್‌ಡೇಟ್: ಎಲ್ಡನ್ ರಿಂಗ್ ವ್ಯಾಗಬಾಂಡ್‌ನ ಭಾರದ ರೋಲ್ ಸರಿಹೋತು

ಎಲ್ಡನ್ ರಿಂಗ್ ವಿಡಿಯೋ ಗೇಮ್‌ನಾಗ ಶುರುವಿನ ಆರ್ಮರ್ (ಕವಚ) ಹಾಕ್ಕೊಂಡ್ರ ವ್ಯಾಗಬಾಂಡ್ (ಶುರುವಿಗೆ ಆರಿಸ್ಕೊಳ್ಳೋ ಪಾತ್ರಗಳಾಗ ಒಂದು) ಹೊಡೆತ ತಪ್ಪಿಸ್ಕೊಳ್ಳಾಕ ರೋಲ್ ಮಾಡಿದಾಗ, ಅಂದ್ರ ಉರುಳಿದಾಗ, ಧಪ್ ಅಂತ ಬೀಳ್ತಾನ, ಯಾವ ತುಂಡು ಬಿಚ್ಚಬೇಕು ಅಂತ ಕೇಳಿದ್ದೆ. ಉತ್ತರ ಕೊಟ್ಟ ಗದಗಿನವರೊಬ್ಬರು ಹೇಳಿದ್ದ ಕರೆಕ್ಟ್ ಆತು ನೋಡ್ರಿ: ಆರ್ಮರ್ ಹಂಗ ಇರ್ಲಿ, ಹಾಲ್ಬರ್ಡ್ (ಉದ್ದ ಹಿಡಿಯ ಕೊಡಲಿಯಂಥ ಆಯುಧ) ತೆಗೀರಿ. ಕೈಯಾಗ ಹಿಡೀದ ಇದ್ರೂ ಸ್ಲಾಟ್‌ನಾಗ (ಬಳಸಾಕ ತಯಾರಿಟ್ಟ ಜಾಗದಾಗ) ಇದ್ದ ಆಯುಧದ ತೂಕ ಲೆಕ್ಕಕ್ಕ ಬರ್ತದ, ಇನ್ವೆಂಟರಿಯಾಗ (ಸಾಮಾನಿನ ಚೀಲದಾಗ) ಇದ್ದದ್ದು ಬರೂದಿಲ್ಲ. ಅದೊಂದರದ್ದ ತೂಕ 8.0! ತೆಗೆದ ಕೂಡಲೇ ಲೋಡ್ (ಹೊರಬಲ್ಲ ತೂಕದಾಗ ಹೊತ್ತ ಪಾಲು) 70%ಕ್ಕಿಂತ ಕೆಳಗ ಇಳದು ರೋಲ್ ಮೀಡಿಯಂ ಆತು.

ಆಟದಾಗಿನ ಕಮ್ಮಾರನ ಹತ್ರ ಆರ್ಮರ್ ಅಪ್‌ಗ್ರೇಡ್ ಮಾಡಸ್ರಿ ಅಂತ ಬ್ಯಾರೆ ಒಬ್ಬರು ಅಂದದ್ದು ನಡೀಲಿಲ್ಲ. ಈ ಆಟದಾಗ ಆ ಸೌಲಭ್ಯನ ಇಲ್ಲ. ಎಲ್ಲಾ ಬಿಚ್ಚಿ 30%ಕ್ಕಿಂತ ಕೆಳಗ ತರೂದೂ ಬ್ಯಾಡ. ಲೈಟ್ ರೋಲ್ ದೂರ ಹೋಗ್ತದ ಖರೆ, ಆದ್ರ ಉರುಳುವಾಗ ಹೊಡೆತ ತಾಗದ ಫ್ರೇಮ್ (ಕ್ಷಣಗಳು) ಮೀಡಿಯಂನಾಗೂ ಅಷ್ಟ. ಇದು ನನಗ ಹೊಸಾದು. ಹಾಲ್ಬರ್ಡ್ ಬೇಕಂದ್ರ ಮೊದಲ ಎಂಡ್ಯೂರೆನ್ಸ್ (ತೂಕ ಹೊರೂ ಶಕ್ತಿ ಹೆಚ್ಚಿಸೋ ಗುಣ) ಏರಸ್ರಿ.