ಮಹಾಯುದ್ಧದ ನಂತರ ಚಿತ್ರಕಲೆ ಏಕೆ ಅಷ್ಟು ಕಠೋರವಾಯಿತು?

ಪ್ರಶ್ನೆ (ಧಾರವಾಡದ ಚಿತ್ರಕಲಾ ವಿದ್ಯಾರ್ಥಿನಿ): ಮೊದಲ ಮಹಾಯುದ್ಧದ ನಂತರ ಜರ್ಮನಿಯ ಹಲವು ಕಲಾವಿದರು ಸೌಂದರ್ಯವನ್ನು ಬದಿಗಿಟ್ಟು ವಿಕಾರವನ್ನೇ ಚಿತ್ರಿಸಿದ್ದೇಕೆ? ತಿಳಿದವರು ದಯವಿಟ್ಟು ವಿವರಿಸಬೇಕು.

ಉತ್ತರ (ಗದಗ): ಕಣ್ಣಾರೆ ಕಂಡದ್ದನ್ನು ಮರೆಮಾಚಲು ಅವರಿಗೆ ಮನಸ್ಸು ಒಪ್ಪಲಿಲ್ಲವೆಂದೇ ನಾನು ನಂಬಿದ್ದೇನೆ. ಸ್ವತಃ ಸೈನಿಕನಾಗಿ ಕಂದಕಗಳಲ್ಲಿ ಹೋರಾಡಿದ್ದ ಜರ್ಮನ್ ಕಲಾವಿದ ಆಟೊ ಡಿಕ್ಸ್ 1924ರಲ್ಲಿ ಪ್ರಕಟಿಸಿದ 50 ಅಚ್ಚುಚಿತ್ರಗಳಲ್ಲಿ, ಅಂದರೆ ಎಚಿಂಗ್‌ಗಳಲ್ಲಿ, ಆಮ್ಲವು ಲೋಹದ ತಗಡನ್ನು ಕೊರೆದು ಮೂಡಿಸಿದ ಗುರುತುಗಳೇ ಕೊಳೆತ ದೇಹಗಳಾಗಿ ಕಾಣುತ್ತವೆ.

ಉತ್ತರ (ಹುಬ್ಬಳ್ಳಿ): ಗದಗಿನವರ ಮಾತು ಸರಿ. ಆದರೆ ಜರ್ಮನ್ ಕಲಾವಿದೆ ಕೇಥೆ ಕೊಲ್ವಿಟ್ಸ್ ಅವರನ್ನು ಬಿಡುವಂತಿಲ್ಲ. 1914ರಲ್ಲಿ ಕಿರಿಯ ಮಗನನ್ನು ಯುದ್ಧದಲ್ಲಿ ಕಳೆದುಕೊಂಡ ಆ ತಾಯಿ, ಮುಂದೆ ಮರದಚ್ಚಿನ (ಮರದ ಹಲಗೆ ಕೊರೆದು ಅಚ್ಚೊತ್ತಿದ) 7 ಚಿತ್ರಗಳ ಮಾಲಿಕೆಯಲ್ಲಿ ಮನೆಯಲ್ಲುಳಿದವರ ದುಃಖವನ್ನೇ ಮುಖ್ಯವಾಗಿ ಕೊರೆದರು. ಒಂದರಲ್ಲಿ ತಾಯಂದಿರು ಮಕ್ಕಳನ್ನು ನಡುವೆ ಬಚ್ಚಿಟ್ಟುಕೊಂಡು, ತೋಳುಗಳನ್ನೇ ಗೋಡೆಯಾಗಿಸಿ ನಿಂತಿದ್ದಾರೆ.

ಪ್ರಶ್ನೆ ಕೇಳಿದವರು: ಇಬ್ಬರಿಗೂ ಧನ್ಯವಾದಗಳು. ಕೊಲ್ವಿಟ್ಸ್ ಅವರು ಮರದಚ್ಚನ್ನೇ ಏಕೆ ಆರಿಸಿಕೊಂಡರು?

ಉತ್ತರ (ಹುಬ್ಬಳ್ಳಿ): 1920ರಲ್ಲಿ ಜರ್ಮನ್ ಶಿಲ್ಪಿ ಅರ್ನ್ಸ್ಟ್ ಬಾರ್ಲಾಖ್ ಅವರ ಮರದಚ್ಚುಗಳನ್ನು ನೋಡಿದ್ದೇ ಪ್ರೇರಣೆ. ನಯವಾದ ಛಾಯೆಗಳಿಗೆ ಎಡೆಯಿಲ್ಲದ ಆ ಕಪ್ಪು-ಬಿಳುಪು ಕೊಲ್ವಿಟ್ಸ್ ಅವರ ಶೋಕಕ್ಕೆ ಒಗ್ಗಿತು.