1953ರ ಸುದ್ದಿಚಿತ್ರದ ತುಣುಕು: ಹಕ್ಕಿನ ಕಾಗದ ಎರಡನೇ ಸಲ ವಾಪಸ್

ಕತ್ತರಿಮೇಜು: ತುಂಗಭದ್ರಾ ಅಣೆಕಟ್ಟಿನ ಹಿನ್ನೀರಿನಲ್ಲಿ ಮುಳುಗಿದ ಊರುಗಳ ಬಗ್ಗೆ ಸಾಕ್ಷ್ಯಚಿತ್ರ ಮುಗಿಸಿದ್ದೇನೆ. ಅದರಲ್ಲಿ ಕೇಂದ್ರ ಸರ್ಕಾರದ ಚಿತ್ರಸಂಸ್ಥೆಯಾಗಿದ್ದ ಫಿಲ್ಮ್ಸ್ ಡಿವಿಜನ್ನಿನ 1953ರ ಸುದ್ದಿಚಿತ್ರದಿಂದ ತೆಗೆದ 40 ಸೆಕೆಂಡಿನ ತುಣುಕಿದೆ. ಕಲ್ಲಿನ ಬುಟ್ಟಿ ಹೊತ್ತ ಹೆಂಗಸರು ಸಾಲಾಗಿ ಸಾಗುತ್ತಾರೆ, ಕೊನೆಯವಳು ಮಾತ್ರ ಒಂದು ಕ್ಷಣ ಕ್ಯಾಮೆರಾದತ್ತ ತಿರುಗುತ್ತಾಳೆ. ಆ ನೋಟವಿಲ್ಲದೆ ನನ್ನ ಚಿತ್ರ ನಿಲ್ಲುವುದಿಲ್ಲ. ತುಣುಕಿನ ಹಕ್ಕುಸ್ವಾಮ್ಯದ ಅವಧಿ ಮುಗಿದಿದೆಯೆಂದು ಹಕ್ಕಿನ ಕಾಗದದಲ್ಲಿ ಬರೆದುಕೊಟ್ಟರೂ ವಿತರಕರು ಅದನ್ನು ಎರಡು ಸಲ ಹಿಂದಿರುಗಿಸಿದ್ದಾರೆ. ಎಲ್ಲಿ ತಪ್ಪಿದೆ?

ಹಳೇರೀಲು: 1957ರ ಹಕ್ಕುಸ್ವಾಮ್ಯ ಕಾಯ್ದೆಯ ಪ್ರಕಾರ, ಚಿತ್ರ ಬಿಡುಗಡೆಯಾದ ಮರುವರ್ಷದ ಆರಂಭದಿಂದ 60 ವರ್ಷ ಎಣಿಸಬೇಕು, ಸರ್ಕಾರಿ ಕೃತಿಗೂ ಅಷ್ಟೇ. ನಿಮ್ಮದು 2013ರ ಡಿಸೆಂಬರಿಗೇ ಮುಗಿದಿದೆ. ಈ ಲೆಕ್ಕವನ್ನು ವಕೀಲರಿಂದ ಬರೆಸಿ ಕಳಿಸಿ.

ಫ್ರೇಮುಲೆಕ್ಕ: ಹಕ್ಕು ಬೇರೆ, ಪ್ರತಿ ಬೇರೆ. ಪ್ರತಿ ಎಲ್ಲಿಂದ ತಂದಿರಿ?

ಕತ್ತರಿಮೇಜು: ಅಂತರ್ಜಾಲದಿಂದ. ಸೆಕೆಂಡಿಗೊಮ್ಮೆ ಚಿತ್ರ ತಡವರಿಸುತ್ತದೆ.

ಫ್ರೇಮುಲೆಕ್ಕ: ಸೆಕೆಂಡಿಗೆ 24 ಫ್ರೇಮಿನ ಚಿತ್ರವನ್ನು 25ಕ್ಕೆ ಹೊಂದಿಸಲು ಯಾರೋ ಪ್ರತಿ ಸೆಕೆಂಡಿನಲ್ಲೂ ಒಂದು ಫ್ರೇಮನ್ನು ಎರಡು ಸಲ ಸೇರಿಸಿದ್ದಾರೆ. ತಾಂತ್ರಿಕ ತಪಾಸಣೆಯಲ್ಲಿ ಇದು ಖಂಡಿತ ಸಿಕ್ಕಿಬೀಳುತ್ತದೆ.

ಹಳೇರೀಲು: ಕೇಳಿದ್ದು ಹಕ್ಕಿನ ಕಾಗದದ ವಿಷಯ. ಫ್ರೇಮಿನ ಕಾರಣಕ್ಕೆ ಕಾಗದ ಯಾರೂ ಹಿಂದಿರುಗಿಸುವುದಿಲ್ಲ. ಅರವತ್ತು ವರ್ಷ ಆದಮೇಲೆ ಆಯಿತು, ಅದನ್ನೇ ಗಟ್ಟಿಯಾಗಿ ಹೇಳಿ.

ಫ್ರೇಮುಲೆಕ್ಕ: ಕಾಗದ ಒಪ್ಪಿದರೂ ಆ ಪ್ರತಿ ಪ್ರಸಾರಕ್ಕೆ ಒದಗುವುದಿಲ್ಲ ಎಂದಷ್ಟೇ ಹೇಳಿದೆ. ವಿತರಕರ ಜೊತೆಗಿನ ಕರಾರಿನಲ್ಲಿ ಯಾವ ದೇಶಗಳಿವೆ?

ಕತ್ತರಿಮೇಜು: ಇಡೀ ಪ್ರಪಂಚ, ಅಮೆರಿಕ ಸೇರಿ. ಎಲ್ಲರ ಕರಾರೂ ಹಾಗೇ ಇರುತ್ತದೆಂದು ಮೊದಲು ಹೇಳಲಿಲ್ಲ.

ಫ್ರೇಮುಲೆಕ್ಕ: ಗಂಟು ಇರುವುದೇ ಅಲ್ಲಿ. 1996ರ ಜನವರಿ 1ರಂದು ತಾಯ್ನಾಡಿನಲ್ಲಿ ಹಕ್ಕು ಉಳಿದಿದ್ದ ವಿದೇಶಿ ಕೃತಿಗಳಿಗೆ ಅಮೆರಿಕ ತನ್ನಲ್ಲಿ ಹಕ್ಕನ್ನು ಮರಳಿ ಕೊಟ್ಟಿತು. ಆ ದಿನ ನಿಮ್ಮ ಸುದ್ದಿಚಿತ್ರಕ್ಕೆ ಇಲ್ಲಿ ಹಕ್ಕಿತ್ತು, ಹಾಗಾಗಿ ಅಲ್ಲಿ ಬಿಡುಗಡೆಯಿಂದ 95 ವರ್ಷ, ಅಂದರೆ 2048ರ ಕೊನೆಯವರೆಗೆ ಅದು ಜೀವಂತ. ಫಿಲ್ಮ್ಸ್ ಡಿವಿಜನ್ 2022ರಲ್ಲಿ ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮದೊಳಗೆ (ಎನ್‌ಎಫ್‌ಡಿಸಿ) ವಿಲೀನವಾಗಿದೆ. ದೇಶ, ಮಾಧ್ಯಮ, ವರ್ಷ ಮೂರನ್ನೂ ಬಿಡಿಸಿ ಬರೆದು ಅಲ್ಲಿಂದ ಲೈಸೆನ್ಸನ್ನೂ ಹೊಸ ಸ್ಕ್ಯಾನನ್ನೂ ಕೇಳಿ. ಹಿನ್ನೆಲೆ ಸಂಗೀತದ ಹಕ್ಕಿನ ಲೆಕ್ಕ ಬೇರೆಯೇ ಇರುವುದರಿಂದ ಧ್ವನಿ ತೆಗೆದ ಪ್ರತಿಯೊಂದನ್ನು ಸಿದ್ಧವಿಟ್ಟುಕೊಳ್ಳಿ.

ಹಳೇರೀಲು: ಅಮೆರಿಕವನ್ನು ಬಿಟ್ಟು ಕರಾರು ಮಾಡಿಕೊಂಡರೆ ನನ್ನ ಲೆಕ್ಕವೇ ಸಾಕು.

ಫ್ರೇಮುಲೆಕ್ಕ: ವಿತರಕರು ಒಪ್ಪಿದರೆ ಮಾತ್ರ, ಅದೂ ವರ್ಷ ಸರಿಯಿದ್ದರೆ. 1953 ಎಂದು ನಿಮಗೆ ಹೇಗೆ ಗೊತ್ತು?

ಕತ್ತರಿಮೇಜು: ಅಂತರ್ಜಾಲದಲ್ಲಿ ಹಾಕಿದವರು ಹಾಗೆ ಬರೆದಿದ್ದರು. ನನ್ನ ಪ್ರತಿಯಲ್ಲಿ ಆರಂಭದ ಶೀರ್ಷಿಕೆ ಕತ್ತರಿಸಿಹೋಗಿದೆ, ಸಂಚಿಕೆಯ ಸಂಖ್ಯೆಯೂ ಇಲ್ಲ. ಈ ಸುದ್ದಿಚಿತ್ರವನ್ನು ಮೊದಲಿಂದ ಕೊನೆಯವರೆಗೆ ನೋಡಿದವರು ಯಾರಾದರೂ ಇದ್ದರೆ ದಯವಿಟ್ಟು ತಿಳಿಸಿ.